ಚಟ್ಟದ ಮೇಲಿನ ನಗು

"ಕಟ್! ಓಕೆ! ಊಟಕ್ಕೆ ಬ್ರೇಕ್," ಎಂದಳು ನಿರ್ದೇಶಕಿ ತೇಜಸ್ವಿನಿ. ಕಳ್ಳಂಬೆಳ್ಳ ಕೆರೆ ಏರಿಯ ಮೇಲೆ ಎದೆ ಬಡಿದುಕೊಂಡು ಅಳುತ್ತಿದ್ದವರೆಲ್ಲ ಕಣ್ಣೊರೆಸಿಕೊಂಡು ಊಟದ ವ್ಯಾನಿನ ಕಡೆ ನಡೆದರು. ಚಟ್ಟದ ಮೇಲೆ ಹೆಣವಾಗಿ ಮಲಗಿದ್ದ ಕದಿರಯ್ಯ ಮಾತ್ರ ಏಳಲಿಲ್ಲ. ಹಣೆಗೆ ಅಂಟಿಸಿದ ನಾಣ್ಯವೂ ಅಲುಗಲಿಲ್ಲ.

ಸಿನಿಮಾದಲ್ಲಿ ಸತ್ತವನು ಕ್ಯಾಮೆರಾ ನೋಡಿ ನಕ್ಕೇ ಏಳಬೇಕು, ಇಲ್ಲದಿದ್ದರೆ ಆ ಸಾವು ಮೈಗೆ ಅಂಟುತ್ತದೆ ಎಂಬುದು ಹಳಬರ ನಂಬಿಕೆ. ನಲವತ್ತು ವರ್ಷದಲ್ಲಿ ಕದಿರಯ್ಯ ಪೇದೆಯಾಗಿ, ಪೂಜಾರಿಯಾಗಿ, ನಾಯಕಿಯ ಅಪ್ಪನಾಗಿ ಐವತ್ತಮೂರು ಸಲ ಸತ್ತಿದ್ದ. ಸತ್ತು ಊರಿಗೆ ಬಂದಾಗಲೆಲ್ಲ ಹೆಂಡತಿ ಹನುಮಕ್ಕ ಹೊಸ್ತಿಲಲ್ಲೇ ತಡೆದು "ನಕ್ರಾ?" ಎನ್ನುವಳು. "ನಕ್ಕೆ ಕಣಮ್ಮಿ" ಎಂದ ಮೇಲೆಯೇ ಕಾಲಿಗೆ ನೀರು. ನಿಜ ಹೇಳಬೇಕೆಂದರೆ ಅದು ಅರ್ಧಕ್ಕರ್ಧ ಸುಳ್ಳು. ಸಣ್ಣ ಪಾತ್ರದವನ ನಗುವಿಗೆಂದು ಯಾರು ರೀಲು ಓಡಿಸುತ್ತಾರೆ? ಬಾಯಿದ್ದವರು ಬರಗಾಲದಲ್ಲೂ ಬದುಕುತ್ತಾರಂತೆ. ಕದಿರಯ್ಯನಿಗೆ ಬರೆದುಕೊಟ್ಟ ಡೈಲಾಗಿನ ಹೊರತು ಬಾಯೇ ಇರಲಿಲ್ಲ.

ಇವತ್ತು ಸುಳ್ಳಿಗೆ ದಾರಿಯಿಲ್ಲ. ಶೂಟಿಂಗ್ ಊರ ಪಕ್ಕಕ್ಕೇ ಬಂದಿದೆ. ಹನುಮಕ್ಕ ಮೊದಲ ಸಲ ನೋಡಲು ಬಂದು ಹುಣಸೆ ಮರದ ಕೆಳಗೆ ನಿಂತಿದ್ದಾಳೆ. ಹೋದ ತಿಂಗಳು ಅವನಿಗೆ ಎದೆನೋವು ಬಂದಾಗ ಆಸ್ಪತ್ರೆಯ ಬೆಂಚಿನ ಮೇಲೆ ನಾಲ್ಕು ದಿನ ಕೂತು ಕಾದವಳು ಅವಳು. ತನ್ನ ಸಾವಿಗೆ ಅಷ್ಟೇನೂ ಹೆದರದ ಕದಿರಯ್ಯ ಅವಳ ಹೆದರಿಕೆಗೆ ಹೆದರಿದ.

"ಸರ್, ಏಳಿ, ಊಟ ಆರೋಗುತ್ತೆ," ಎಂದಳು ತೇಜಸ್ವಿನಿ.

ಕದಿರಯ್ಯ ಬಾಯಿ ತೆರೆದ. "ಏನಿಲ್ಲಮ್ಮ..." ಎಂದು ಮುಚ್ಚಿದ.

ಹನುಮಕ್ಕ ಸೆರಗು ಸಿಕ್ಕಿಸಿಕೊಂಡು ಬಂದೇಬಿಟ್ಟಳು. "ಯವ್ವಾ, ಇವ್ರು ಇನ್ನೂ ನಕ್ಕಿಲ್ಲ ಕಣವ್ವ. ಸತ್ತೋರು ನಗದೆ ಏಳ್ಬಾರ್ದಂತೆ. ಇಂಗೇ ಎಬ್ಬಿಸ್ಬ್ಯಾಡ."

ತೇಜಸ್ವಿನಿಗೆ ಈ ಪದ್ಧತಿ ಗೊತ್ತಿರಲಿಲ್ಲ. ಮುದುಕಿಯ ಮುಖವನ್ನೇ ಒಂದು ಗಳಿಗೆ ನೋಡಿ, ತಟ್ಟೆ ಹಿಡಿದು ನಿಂತಿದ್ದ ಕ್ಯಾಮೆರಾದವನನ್ನು ವಾಪಸು ಕರೆದಳು. "ಕ್ಲೋಸಪ್. ಸರ್ ಒಬ್ಬರೇ."

ನಲವತ್ತು ವರ್ಷದಲ್ಲಿ ಅವನೊಬ್ಬನಿಗೆಂದೇ ಕ್ಯಾಮೆರಾ ಅಷ್ಟು ಹತ್ತಿರ ಬಂದದ್ದು ಇದೇ ಮೊದಲು. "ಆಕ್ಷನ್" ಎಂದರೆ ನಗುವೇ ಬರಲೊಲ್ಲದು. ಕಣ್ಣು ತುಂಬಿತು. ಹನುಮಕ್ಕ ಚಟ್ಟದ ಬಿದಿರನ್ನು ಗಟ್ಟಿಯಾಗಿ ಹಿಡಿದುಕೊಂಡಳು.

"ಇಲ್ನೋಡಿ," ಎಂದಳು. "ಹೆಣ್ಣು ನೋಡಾಕ್ ಬಂದಾಗ ಸೊಪ್ಪಿನ ಸಾರಿಗೆ ಉಪ್ಪಾಕೋದೇ ಮರ್ತ್ಬುಟ್ಟಿದ್ದೆ ನಾನು. ಉಪ್ಪು ಕೇಳಾಕೆ ನಾಚ್ಕೊಂಡು ಮೂರು ಮುದ್ದೆ ನುಂಗಿದ್ರಲ್ಲ, ಇವತ್ತೂ ಅಂಗೇ ನುಂಗ್ತೀರಾ?"

ಕದಿರಯ್ಯ ನಕ್ಕ. ಹೊಟ್ಟೆ ಕುಲುಕಿತು, ಚಟ್ಟ ಕಿರುಗುಟ್ಟಿತು, ಹಣೆಯ ನಾಣ್ಯ ಜಾರಿ ಮಣ್ಣಿಗೆ ಬಿತ್ತು. ತೇಜಸ್ವಿನಿ ಎಷ್ಟು ಹೊತ್ತಾದರೂ ಕಟ್ ಹೇಳಲಿಲ್ಲ.

ಅವನು ಎದ್ದು ಬಂದಾಗ ಹನುಮಕ್ಕ ಏನೂ ಕೇಳಲಿಲ್ಲ. ಬಾಟಲಿಯ ಮುಚ್ಚಳ ತಿರುವಿ, ಬಗ್ಗಿ, ಅವನ ಕಾಲಿಗೆ ನೀರು ಹುಯ್ದಳು.