ಸಿಕ್ಕು ಬಿಡಿಸುವ ವಳ್ಳಿಯಮ್ಮ

“ಬೆರಳಿಗೇನು ಲಕ್ವ ಒಡೆದೈತೇನೇ, ಮುಂಡೆ? ಮದ್ಯಾನದೊಳ್ಗೆ ಬಿಡಿಸ್ನಿಲ್ಲ ಅಂದ್ರೆ ಅಷ್ಟೂ ಒರಳಿಗಾಕಿ ಕುಟ್ಟಿಸ್ತೀನಿ.”

ಬೈಯುತ್ತಿದ್ದವನು ಮಗ್ಗಗಳ ಯಜಮಾನ ಚೆನ್ನಕೇಶವ ಮೊದಲಾಳಿ. ಬೈಸಿಕೊಳ್ಳುತ್ತ ನೆಲಕ್ಕೆ ಕುಕ್ಕುರುಗಾಲಲ್ಲಿ ಕೂತಿದ್ದವಳು ವಳ್ಳಿಯಮ್ಮ. ಕೆಲಸ ಮುಗಿಯುವ ಮುಂಚೆ ಅವಳು ಎದ್ದಾಳೆಂದು ಮೊದಲಾಳಿ ಕುರ್ಚಿಯಲ್ಲಿ ಕೂತೇ ಅವಳ ಸೆರಗನ್ನು ಮೆಟ್ಟಿನ ಕಾಲಿನಿಂದ ಒತ್ತಿ ಹಿಡಿದಿದ್ದ.

ಸೇಲಂ ಪಕ್ಕದ ಆ ನೇಕಾರರ ಊರಿನಲ್ಲಿ ಲೋಕವೆಲ್ಲ ನಿಂತಿದ್ದುದು ಒಂದು ಪಾವಿನ ಮೇಲೆ. ಮೊದಲಾಳಿಯ ಮನೆಯ ಮುಂದೆ, ಚಪ್ಪರದ ಕೆಳಗೆ, ಅವನ ಮುತ್ತಜ್ಜನ ಕಾಲದಿಂದ ಎಳೆದು ಕಟ್ಟಿದ್ದ ಉದ್ದನೆಯ ಹಾಸುನೂಲು ಅದು. ಮನೆಗೊಂದು ಎಳೆ. ಎಳೆಗಳು ಒಂದರ ಜಾಗಕ್ಕೆ ಇನ್ನೊಂದು ಹೋಗದಂತೆ ನಡುವೆ ಎರಡು ಬಿದಿರುಕಡ್ಡಿ ತೂರಿಸಿದ್ದರು. ಆ ಕಡ್ಡಿ ಇರುವವರೆಗೂ ಸಿಹಿನೀರ ಬಾವಿ ಮೊದಲಾಳಿಯ ಹಿತ್ತಿಲಲ್ಲಿ, ಹಸಿವು ಮಗ್ಗದ ಬೀದಿಯಲ್ಲಿ. ಒಂದು ಎಳೆ ಕಿತ್ತರೆ ಆ ಮನೆ ಇದ್ದದ್ದೇ ಸುಳ್ಳು. ಹೋದ ವರ್ಷ, ಮೇಟೂರು ಅಣೆಕಟ್ಟು ಮುಗಿದ ತಿಂಗಳು, ಎದುರು ಮಾತಾಡಿದಳೆಂದು ಪೊನ್ನಮ್ಮನ ಎಳೆಯನ್ನು ಮೊದಲಾಳಿ ಕಿತ್ತ. ಈಗ ಅಲ್ಲಿ ಎರಡು ಗೋಡೆಗಳ ನಡುವೆ ಬರೀ ಬಯಲು. ಅವಳ ಬೆಕ್ಕು ಮಾತ್ರ ದಿನಾ ಬಂದು ಇಲ್ಲದ ಬಾಗಿಲ ಮುಂದೆ ಕೂಗಿ ಹೋಗುತ್ತದೆ.

ಆಮೇಲೆಯೇ ಸಿಕ್ಕಿನವರು ಹುಟ್ಟಿಕೊಂಡದ್ದು. ಮಗ್ಗದ ಬೀದಿಯ ಆರೇಳು ಗಂಡಸರು ಹೆಂಗಸರು. ಬಾವುಟವಿಲ್ಲ, ಘೋಷಣೆಯಿಲ್ಲ. ಇರುವುದು ಹೀಗೇ ಇರುವುದಕ್ಕಿಂತ ಏನು ಬೇಕಾದರೂ ಆಗಿ ಸಾಯಲಿ ಎಂಬುದೊಂದೇ ಅವರ ಮಾತು. ಬೆಳಿಗ್ಗೆ ಬೀದಿಯಲ್ಲೆಲ್ಲ ನೂಲಿಗೆ ಗಂಜಿ ಹಾಕುವ ಗಲಾಟೆಯಲ್ಲಿ ನುಸುಳಿ ಬಂದು ಎರಡು ಎಳೆ ಹೊಸೆದು ಗಂಟು ಹಾಕಿ ಹೋಗುತ್ತಿದ್ದರು. ಒಂದು ದಿನ ಮೊದಲಾಳಿಯ ಬಾವಿ ಕುರುಡ ದೊಡ್ಡಮುನಿಯಪ್ಪನ ಒಲೆಯ ಪಕ್ಕ ಬಂದು ಕೂತಿತು. ವಿಚಾರಣೆಗೆ ಬಂದ ಪೊಲೀಸಿನವನ ಬಾಯಲ್ಲಿ ಮೂರು ದಿನ ಬರೀ ಕೋಳಿ ಕೂಗು.

ಪ್ರತಿ ಸಲವೂ ಬಿಡಿಸಿದವಳು ವಳ್ಳಿಯಮ್ಮ. ಅವಳಂಥ ಕೈ ಆ ಸೀಮೆಯಲ್ಲೇ ಇರಲಿಲ್ಲ. ಗಂಟು ಮುಟ್ಟಿದರೆ ಸಾಕು, ಹಾಕಿದವರ ಕೈ ಯಾವುದೆಂದು ಬೆರಳಿಗೆ ಗೊತ್ತಾಗುತ್ತಿತ್ತು. ಜನ ಆರೇಳಾದರೂ ಎಲ್ಲ ಗಂಟೂ ಎಡಕ್ಕೆ ತಿರುಚಿದ್ದವು. ಎಡಗೈಯಲ್ಲಿ ಕೆಲಸ ಮಾಡುವವಳು ಊರಿಗೆಲ್ಲ ಒಬ್ಬಳೇ, ಅವಳ ಓರಗಿತ್ತಿ ಪೂಂಗೊಡಿ.

ಅಯ್ಯೋ, ಆ ಪೂಂಗೊಡಿ! ಕಾರಿಮಂಗಲದಿಂದ ಸೊಸೆಯಾಗಿ ಬಂದಾಗ ನೂಲಿನ ತುದಿ ಯಾವುದು ಬುಡ ಯಾವುದು ತಿಳಿಯದವಳು. ಬೆರಳಿಗೆ ಬೂದಿ ಹಚ್ಚಿಸಿ, ಕೈ ಹಿಡಿದು ಎಳೆ ಹೊಸೆಯುವುದನ್ನು ಕಲಿಸಿದವಳೇ ವಳ್ಳಿಯಮ್ಮ. ಈಗ ನೀರಿಗೆ ಹೋದರೆ ಹೆಂಗಸರು ಪೂಂಗೊಡಿಯ ಕೊಡ ಮೊದಲು ತುಂಬಿಸುತ್ತಾರೆ, ವಳ್ಳಿಯಮ್ಮ ಬಂದರೆ ಮಾತು ನಿಲ್ಲಿಸುತ್ತಾರೆ. ವಳ್ಳಿಯಮ್ಮ ತಾನೇ ನೀರು ಸೇದಿ, ಪೂಂಗೊಡಿಯ ಕೊಡವನ್ನೇ ದುರುಗುಟ್ಟಿ ನೋಡುತ್ತ ಮನೆಗೆ ಬರುತ್ತಿದ್ದಳು. ಒಂದು ದಿನ ನಾಚಿಕೆ ಬಿಟ್ಟು ಸಿಕ್ಕಿನವರ ಹಿರಿಯ ದೊಡ್ಡಮುನಿಯಪ್ಪನ ಮುಂದೆ ಕೂತು ತನ್ನನ್ನೂ ಸೇರಿಸಿಕೊಳ್ಳಿ ಎಂದು ಕೇಳಿದಳು.

“ನಿನ್ ಕೈಗೆ ಸಿಕ್ಕಾಕಕ್ಕೆ ಬರಾಕಿಲ್ಲ ಕಣವ್ವ,” ಎಂದಿದ್ದ ಮುದುಕ. “ನೀನು ಬಿಡ್ಸೋಳು.”

ಆ ಮಾತು ಮುಳ್ಳಿನ ಹಾಗೆ ಒಳಗೇ ಉಳಿದಿತ್ತು.

ಈ ಹೊತ್ತು ಮೊದಲಾಳಿಯ ಮಗಳ ನಿಶ್ಚಿತಾರ್ಥ. ಗಂಡಿನ ಕಡೆಯವರು ಮೊರಪ್ಪೂರಿನಲ್ಲಿ ರೈಲು ಹತ್ತಿಯಾಗಿತ್ತು. ಆದರೆ ಅಡುಗೆಯವರು ಹಂಡೆಗಳ ಮುಚ್ಚಳ ತೆಗೆದರೆ ಒಳಗೆ ಹುಳಿ ಬಂದ ರಾಗಿ ಅಂಬಲಿ. ತುಪ್ಪದ ಅನ್ನ, ಪಾಯಸವೆಲ್ಲ ಮಗ್ಗದ ಬೀದಿಯ ಮಡಕೆಗಳಲ್ಲಿ ಕಾಣಿಸಿಕೊಂಡಿತ್ತು. ವಳ್ಳಿಯಮ್ಮನೂ ಓಡಿ ಹೋಗಿ ತನ್ನ ಮಡಕೆ ತೆಗೆದು ನೋಡಿದ್ದಳು. ಅಂಬಲಿ. ಅಕ್ಕಪಕ್ಕದ ಮನೆಗಳಿಂದ ತುಪ್ಪದ ವಾಸನೆ ಬರುತ್ತಿತ್ತು.

ಈಗ ಪಾವಿನ ಮುಂದೆ ಕೂತು ನೋಡುತ್ತಾಳೆ, ಬೀದಿಯ ಎಳೆಗಳೆಲ್ಲ ಮೊದಲಾಳಿಯ ಎಳೆಗೆ ಹೆಣೆದುಕೊಂಡಿವೆ. ತನ್ನ ಮನೆಯ ಎಳೆಯೊಂದು ಮಾತ್ರ ನೆಟ್ಟಗೆ, ಒಂಟಿಯಾಗಿ, ಯಾರೂ ಮುಟ್ಟದೆ ಬಿಟ್ಟದ್ದು. ಕಣ್ಣಿಗೆ ನೀರು ಬಂತು. ಬೀದಿಯ ನಾಯಿಯೂ ಇವತ್ತು ಪಾಯಸ ನೆಕ್ಕಿತ್ತು.

ಬೀದಿಯ ಹೆಂಗಸರನ್ನೆಲ್ಲ ಮೊದಲಾಳಿ ಎದುರಿಗೆ ಸಾಲಾಗಿ ನಿಲ್ಲಿಸಿದ್ದ. ಪೂಂಗೊಡಿ ಮೂರನೆಯವಳು. ಎಡಗೈಯನ್ನು ಸೆರಗಿನೊಳಗೆ ಮುಚ್ಚಿಕೊಂಡಿದ್ದಳು.

“ಯಾವ ಲೌಡಿ ಗಂಟು ಇದು? ನಿಂಗೆ ಗೊತ್ತೈತೆ. ಸೊಲ್ಲುಡೀ, ಬೊಗಳು. ಈಗ್ಲೇ ಅವಳ ಎಳೆ ಕಿತ್ತು ಬಿಸಾಕ್ತೀನಿ.” ಮೊದಲಾಳಿ ಸೆರಗನ್ನು ಇನ್ನಷ್ಟು ತುಳಿದ. ರವಿಕೆಯಿಲ್ಲದ ಹೆಗಲು ಬೀದಿಗೆಲ್ಲ ಕಂಡಿತು. ಅವನ ಆಳುಗಳು ನಕ್ಕರು.

ಹೆಸರು ನಾಲಿಗೆಯ ತುದಿಗೆ ಬಂದಿತ್ತು. ಒಂದು ಮಾತು ಹೇಳಿದರೆ ಪೂಂಗೊಡಿ ಇಲ್ಲ. ಹೇಳಿಯೇ ಬಿಡುತ್ತಿದ್ದಳು. ಅಷ್ಟರಲ್ಲಿ ಪೊನ್ನಮ್ಮನ ಬಯಲಿನ ಕಡೆ ಕಣ್ಣು ಹೋಯಿತು. ಅಲ್ಲಿ ಯಾರೋ ಅರಿಶಿನ ಕುಂಕುಮ ಇಟ್ಟಿದ್ದರು. ನಾಳೆ ಪೂಂಗೊಡಿಯ ಬಯಲಿಗೂ ಇಡುತ್ತಾರೆ. ಹೆಣ್ಣುಮಕ್ಕಳಿಗೆ ಅವಳ ಹೆಸರಿಡುತ್ತಾರೆ. ಇದ್ದಾಗಲೂ ಅವಳೇ ದೊಡ್ಡವಳು, ಹೋದ ಮೇಲೂ ಅವಳೇ. ಆ ಭಾಗ್ಯವನ್ನು ತಾನೇ ಕೈಯಾರೆ ಕೊಡಬೇಕೆ ಅವಳಿಗೆ?

“ನಂದು,” ಎಂದಳು ವಳ್ಳಿಯಮ್ಮ.

“ಏನಂದೆ?”

“ಗಂಟು ನಂದೇ ಮೊದಲಾಳಿ. ಬಾವಿ, ಕೋಳಿ ಕೂಗು, ಪಾಯಸ, ಎಲ್ಲಾ ನಂದೇ.”

ಸಾಲಿನಲ್ಲಿ ಪೂಂಗೊಡಿಯ ಬಾಯಿ ತೆರೆಯಿತು. ಅವಳು ಸತ್ಯ ಹೇಳಿ ಆ ಹೆಸರನ್ನೂ ಕಿತ್ತುಕೊಳ್ಳುವ ಮುಂಚೆ ವಳ್ಳಿಯಮ್ಮ ಕೈ ಚಾಚಿ ಎರಡು ಬಿದಿರುಕಡ್ಡಿಗಳನ್ನೂ ಹಿಡಿದಳು. ನೇಕಾರರ ಮನೆಯ ಹಸುಗೂಸು ಕೂಡ ಮುಟ್ಟದ ಕಡ್ಡಿ ಅದು. ಸರಕ್ಕನೆ ಎಳೆದಳು.

ಎಳೆಗಳೆಲ್ಲ ಒಂದರ ಮೇಲೊಂದು ಕುಸಿದವು. ಏರ್ಕಾಡಿನ ಬೆಟ್ಟ ಚಪ್ಪರದ ಮೇಲೆ ಬಂದು ವಾಲಿತು. ದೂರದ ರೈಲಿನ ಕೂಗು ಮೊದಲಾಳಿಯ ಬಾಯಿಂದ ಬಂತು. ಸೆರಗಿನ ಮೇಲಿದ್ದ ಕಾಲು ಯಾರದೆಂದು ಅವನಿಗೇ ತಿಳಿಯದೆ ಅವನು ಅದನ್ನು ಹುಡುಕತೊಡಗಿದ. ಪೊನ್ನಮ್ಮನ ಬೆಕ್ಕು ಯಾವುದೋ ಬಾಗಿಲೊಳಗೆ ಹೋಯಿತು.

ವಳ್ಳಿಯಮ್ಮ ಎದ್ದು ನಿಂತು ಓರಗಿತ್ತಿಯನ್ನೇ ನೋಡಿದಳು.

“ನೋಡ್ಕಳೇ ಪೂಂಗೊಡಿ. ಸಿಕ್ಕು ಅಂದ್ರೆ ಇದು.”

ಅದನ್ನು ಬಿಡಿಸಬಲ್ಲ ಕೈ ಆ ಸೀಮೆಗೆಲ್ಲ ಒಂದೇ ಇತ್ತು. ಅದು ಕಡ್ಡಿಗಳನ್ನು ಮೊಣಕಾಲಿಗೆ ಕೊಟ್ಟು ಮುರಿಯುತ್ತಿತ್ತು.