ಬರಿದಾಗಬಾರದ ಮಗ್ಗ

ನಮ್ಮ ಮನೆಯಲ್ಲಿ ಮಗ್ಗವನ್ನು ಬರಿದು ಮಾಡುವ ಪದ್ಧತಿ ಇಲ್ಲ. ಬಟ್ಟೆ ಮುಗಿದಾಗ ಅದನ್ನಷ್ಟೇ ಕತ್ತರಿಸಿ ತೆಗೆಯುತ್ತೇವೆ. ಹಣಿಗೆಯ ಹಲ್ಲುಗಳಲ್ಲಿ ಪೋಣಿಸಿದ ಎಳೆಗಳ ಬಾಲ ಹಾಗೇ ಉಳಿಯುತ್ತದೆ. ಹೊಸ ಹಾಸು, ಅಂದರೆ ಉದ್ದೆಳೆಗಳ ಕಟ್ಟು, ಬಂದಾಗ, ಬೆರಳಿಗೆ ಬೂದಿ ಮುಟ್ಟಿಸಿಕೊಂಡು, ಒಂದೊಂದು ಹೊಸ ಎಳೆಯನ್ನೂ ಒಂದೊಂದು ಹಳೆಯ ಬಾಲಕ್ಕೆ ಹೊಸೆದು ಕೂಡಿಸುತ್ತೇವೆ. ಇದಕ್ಕೆ ಕೆಚ್ಚುವುದು ಎನ್ನುತ್ತಾರೆ. ಮತ್ತೆ ಮೊದಲಿಂದ ಪೋಣಿಸುತ್ತ ಕೂತರೆ ಕಣ್ಣು ಹೋಗುತ್ತದೆ. ಹಾಗಾಗಿ ನಮ್ಮ ಮಾವ ಹಾಕಿದ ಮೊದಲ ಹಾಸೇ ಗಂಟಿನಿಂದ ಗಂಟಿಗೆ ಇವತ್ತಿನವರೆಗೂ ನಡೆದು ಬಂದಿದೆ ಎಂದರೂ ತಪ್ಪಿಲ್ಲ. ನೇಯುವವರ ಮನೆಯ ಹೆಣ್ಣುಮಕ್ಕಳು ಖಾಲಿ ಬಾಲ ಕಂಡರೆ ಕೈಕಟ್ಟಿ ಕೂರುವವರಲ್ಲ. ಆದದ್ದೆಲ್ಲ ಅದರಿಂದಲೇ.

ಆಗ ಮಗ್ಗದಲ್ಲಿ ಕೂರುತ್ತಿದ್ದವಳು ನನ್ನ ಓರಗಿತ್ತಿ. ನಾನು ಅವಳನ್ನು ತಂಗಿ ಎಂದೇ ಕರೆಯುತ್ತಿದ್ದೆ. ಅವಳ ಮಗಳನ್ನು ಸಮುದ್ರದಾಚೆಗೆ ಮದುವೆ ಮಾಡಿ ಕೊಟ್ಟಿದ್ದೆವು. ಎರಡು ಬಸಿರು ಕೈಗೆ ಹತ್ತಲಿಲ್ಲ; ಎರಡನೆಯ ಸಲವಂತೂ ಹುಡುಗಿ ಬದುಕಿದ್ದೇ ಹೆಚ್ಚು. ಈಗ ಮೂರನೆಯದು. ಇನ್ನೊಂದು ಹೆರಿಗೆ ನೋವನ್ನು ಈ ಎದೆ ತಡೆಯಲಾರದು ಎಂದು ಅಲ್ಲಿನ ಡಾಕ್ಟರು ಹೇಳಿದರಂತೆ.

"ಅರ್ಧ ನೋವು ನಾನು ತಿಂತೀನಿ ಅಕ್ಕಾ," ಎಂದಳು ತಂಗಿ.

ತಾಯಿಯಾದವಳು ಆಡುವ ಮಾತು ಎಂದುಕೊಂಡೆ. ಅವಳು ಚಪ್ಪಲಿ ಮೆಟ್ಟಿಕೊಂಡು ಬಣ್ಣದಜ್ಜಿಯ ಮನೆಗೆ ಹೊರಟೇಬಿಟ್ಟಳು. ನಾನೂ ಹಿಂದೆಯೇ ಹೋದೆ.

ಬಣ್ಣದಜ್ಜಿ ಎಂದರೆ ನಮ್ಮ ನೂಲಿಗೆಲ್ಲ ಬಣ್ಣ ಕಟ್ಟುತ್ತಿದ್ದ ಮುದುಕಿ. ಅವಳ ಕೈಗಳು ಮೊಣಕೈವರೆಗೂ ಕಪ್ಪು. ಬಣ್ಣವಲ್ಲದ ಕೆಲವು ಕಟ್ಟುಗಳೂ ಅವಳಿಗೆ ಗೊತ್ತು ಎಂದು ಜನ ಮೆಲ್ಲಗೆ ಮಾತಾಡುತ್ತಿದ್ದರು.

"ನಿನ್ನದೊಂದು ಕೂದಲು, ಅವಳದೊಂದು," ಎಂದಳು ಅಜ್ಜಿ, ಕಡಾಯಿ ಕಲಕುವುದನ್ನು ನಿಲ್ಲಿಸದೆ. "ಎರಡನ್ನೂ ಕಪ್ಪು ಎಳೆ ಜೊತೆ ಹೊಸೆದು ಹಾಸಿನ ಕೊನೇಲಿ ಸೇರಿಸು. ಅದು ಹಣಿಗೆಗೆ ಬಂದಾಗಿಂದ ಅವಳಿಗೆ ಆಗೋದ್ರಲ್ಲಿ ಅರ್ಧ ನಿನ್ನ ಮೈಗೆ ಬರುತ್ತೆ. ಹೊಟ್ಟೇಲಿರೋ ಕೂಸೂ ಆ ಎಳೇಲೇ ಇರುತ್ತೆ, ನೆನಪಿಟ್ಕೋ. ಹೆರಿಗೆ ಆಯ್ತು ಅಂದ ತಕ್ಷಣ ನೀನೇ, ನಿನ್ನ ಕೈಯಾರೆ, ಬಾಲ ಸಮೇತ ಕತ್ತರಿಸಿ ಸುಟ್ಟುಬಿಡು. ಮಗ್ಗ ಬರಿದಾಗ್ಬೇಕು."

"ಮಾಡದೇ ಹೋದ್ರೆ?" ಎಂದೆ ನಾನು.

"ಆ ಎಳೆಗೆ ಯಾರು ಕೆಚ್ತಾರೋ ಅವರೂ ಅದರೊಳಗೆ ಸೇರ್ಕೋತಾರೆ. ಇದು ನಿಮ್ಮಿಬ್ಬರ ಕಿವಿ ದಾಟಬಾರದು. ದಾಟಿದ್ರೆ ಕಟ್ಟು ನಿಲ್ಲಲ್ಲ."

ಮಗಳು ಬಿಟ್ಟುಹೋಗಿದ್ದ ಬಾಚಣಿಗೆಯಲ್ಲಿ ಒಂದು ಕೂದಲು ಸಿಕ್ಕಿತು. ತಂಗಿ ಅದನ್ನು ಹೊಸೆದು ಸೇರಿಸಿದಳು. ಹಾಸು ಇಡೀ ಕಪ್ಪು. ಯಾವ ಎಳೆಯೆಂದು ಆಮೇಲೆ ನನಗೇ ತಿಳಿಯಲಿಲ್ಲ.

ಕೂದಲಿದ್ದ ಭಾಗ ಹಣಿಗೆಗೆ ಬಂದ ಮರುದಿನ ನೇಯುತ್ತ ಕೂತಿದ್ದ ತಂಗಿ "ಅಯ್ಯಯ್ಯೋ" ಎಂದು ಕೈ ಒದರಿದಳು. ಬೆರಳ ತುದಿಯಲ್ಲಿ ನೋಡುನೋಡುತ್ತಲೇ ಬೊಬ್ಬೆ ಎದ್ದಿತು. ಹತ್ತಿರದಲ್ಲಿ ಬೆಂಕಿಯಿಲ್ಲ, ಬಿಸಿಯಿಲ್ಲ. ಸಂಜೆ ಬೀದಿಯ ಅಂಗಡಿಯ ಫೋನಿನಲ್ಲಿ ಮಗಳು ನಗುತ್ತಿದ್ದಳು: "ದೊಡ್ಡಮ್ಮಾ, ಇವತ್ತು ಕಾದ ಪಾತ್ರೆ ಹಿಡ್ಕೊಂಡ್ಬಿಟ್ಟೆ. ಅಷ್ಟೇನೂ ಉರೀಲೇ ಇಲ್ಲ!"

ತಂಗಿ ಬೊಬ್ಬೆ ಊದಿಕೊಳ್ಳುತ್ತ, "ಅಡುಗೆ ಮನೇಲಿ ಅವಳಿಗೆ ಯಾವತ್ತು ಮೈಮೇಲೆ ಗ್ಯಾನ ಇತ್ತು ಹೇಳು," ಎಂದಳು. ಬೈಯುವಾಗಲೂ ಮುಖ ಅರಳಿತ್ತು.

ಹೆರಿಗೆಯ ದಿನ ಮಧ್ಯಾಹ್ನ ತಂಗಿ ಮಗ್ಗದ ಕಂಬ ತಬ್ಬಿಕೊಂಡು ನರಳಿದಳು. ಸೆರಗಿನ ತುದಿ ಕಚ್ಚಿ ಕಚ್ಚಿ ಹರಿದುಹೋಯಿತು. ಇದ್ದಕ್ಕಿದ್ದಂತೆ ಅವಳ ಮೈ ಸಡಿಲಾಯಿತು. "ಅತ್ತಿತು," ಎಂದವಳೇ ಪ್ರಜ್ಞೆ ತಪ್ಪಿ ಬಿದ್ದಳು. ಅವಳನ್ನು ಒಳಗೆ ಮಲಗಿಸಿದೆ. ಎಳೆಯನ್ನು ಅವಳ ಕೈಯೇ ಕತ್ತರಿಸಬೇಕು. ಏಳಲಿ ಎಂದು ಕಾದೆ. ಅಷ್ಟರಲ್ಲಿ ಫೋನು ಬಂದಿದೆ ಎಂದು ಬೀದಿಯ ಅಂಗಡಿಯಿಂದ ಕರೆ ಬಂತು. ಹೋದೆ. ಹೆಣ್ಣುಮಗು, ತಾಯಿ ಕ್ಷೇಮ.

ಮನೆಗೆ ಬಂದರೆ ಮಗ್ಗದ ಮುಂದೆ ಸೊಸೆ ಕೂತಿದ್ದಳು. ತಂಗಿಯ ಮಗನ ಹೆಂಡತಿ, ಹೊಸದಾಗಿ ಮನೆ ತುಂಬಿದವಳು. ಬಟ್ಟೆ ಕತ್ತರಿಸಿ ಮಡಿಸಿಟ್ಟಿದ್ದಳು. ಹೊಸ ಹಾಸನ್ನು ಅಂಚಿನಿಂದ ಅಂಚಿಗೆ ಕೆಚ್ಚಿ ಮುಗಿಸುವುದರಲ್ಲಿದ್ದಳು. ಅಂಥ ಕೈಚುರುಕು.

"ಅತ್ತೆಗೆ ಮೈ ಸರಿಯಿಲ್ಲ, ಒಂದು ಕೆಲಸನಾದ್ರೂ ಕಮ್ಮಿಯಾಗ್ಲಿ ಅಂತ, ದೊಡ್ಡತ್ತೆ," ಎಂದಳು, ಹೊಗಳಿಕೆಗೆ ಕಾಯುವವರ ಹಾಗೆ. ಆಮೇಲೆ ನಾಚಿಕೊಂಡು ಸೆರಗು ಎಳೆದುಕೊಂಡಳು. "ಎದೆ ಯಾಕೋ ಬಿಗಿದು ಬಿಗಿದು ಬರ್ತಿದೆ."

ಅವಳ ಕುಪ್ಪಸ ಒದ್ದೆಯಾಗಿತ್ತು. ಹಾಲು. ಬಸಿರೇ ಕಾಣದ ಹುಡುಗಿಗೆ. ಈಗ ಅವಳೂ ಎಳೆಯೊಳಗಿದ್ದಾಳೆಂದು, ತಂಗಿಗೆ ಎಚ್ಚರವಾದ ಮೇಲೂ ಕತ್ತರಿಸಲು ಹೆದರಿದೆವು.

ಕೆಲವೇ ದಿನಗಳಲ್ಲಿ ಅಲ್ಲಿ ಮಗಳಿಗೆ ಬಾಣಂತಿ ಜ್ವರ ಏರಿತು. ಅಳಿಯ ಫೋನಿನಲ್ಲಿ, "ಡಾಕ್ಟರು ಕೈಚೆಲ್ಲಿದ್ದಾರೆ ಅತ್ತೆ," ಎಂದು ಅಳುತ್ತಿದ್ದ. ಇಲ್ಲಿ ಒಂದು ಕೋಣೆಯಲ್ಲಿ ತಂಗಿ, ಇನ್ನೊಂದರಲ್ಲಿ ಸೊಸೆ, ಇಬ್ಬರ ಮೈಯೂ ಹೆಂಚಿನ ಹಾಗೆ ಕಾಯುತ್ತಿತ್ತು. ಒಬ್ಬರು ಕೆಮ್ಮಿದರೆ ಗೋಡೆಯಾಚೆ ಇನ್ನೊಬ್ಬರೂ ಕೆಮ್ಮುತ್ತಿದ್ದರು. ಸಮುದ್ರದಾಚೆ ಮೂರನೆಯವಳು ಕೆಮ್ಮುತ್ತಿದ್ದಾಳೆ ಎಂದು ನನಗೆ ಗೊತ್ತಿತ್ತು.

ಬಣ್ಣದಜ್ಜಿಯನ್ನು ಕೈಹಿಡಿದು ಕರೆತಂದೆ. ಅವಳು ಮಗ್ಗಕ್ಕೆ ಬಗ್ಗಿ, ಸೊಸೆ ಕೆಚ್ಚಿದ ಗಂಟುಗಳನ್ನು ಅಂಚಿನಿಂದ ಅಂಚಿಗೆ ನೋಡಿದಳು.

"ಈಗ ಕತ್ತರಿಸಿದ್ರೆ ಅಷ್ಟೂ ಜನ ಹೋಗ್ತಾರೆ, ಕೂಸೂ ಸೇರಿ. ಎಳೆ ಬಿಟ್ಟು, ಬರೀ ಕೂದಲು ಬಿಡಿಸಿ ಎಳೀಬೇಕು. ಎಳೆದ ಕೈಗೆ ಪಾಲು ಬರಲ್ಲ. ಪೂರ್ತಿ ಬರುತ್ತೆ."

"ನಾನು ಎಳೀತೀನಿ," ಎಂದೆ. "ನನಗೆ ಇನ್ನೇನಾಗ್ಬೇಕಾಗಿದೆ."

"ನಿನ್ನ ಕೂದಲಲ್ಲ ಅದು."

ತಂಗಿ ಹಾಸಿಗೆಯಿಂದಲೇ ಕೇಳಿಸಿಕೊಂಡಿದ್ದಳು. ಗೋಡೆ ಹಿಡಿದುಕೊಂಡು ಬಂದಳು. "ಅಷ್ಟೇ ತಾನೇ," ಎಂದಳು. ಮಗ್ಗದ ಮುಂದೆ ಕೂತು ಕಣ್ಣು ಮುಚ್ಚಿ, ಕಪ್ಪು ಎಳೆಗಳ ಮೇಲೆ ಬೆರಳು ಆಡಿಸುತ್ತ ಹೋದಳು. ಒಂದು ಕಡೆ ಬೆರಳು ನಿಂತಿತು. "ಇದು ಮಿಡೀತಿದೆ ನೋಡು, ಅಕ್ಕಾ."

ನಾನೂ ಮುಟ್ಟಿದೆ. ಹೌದು, ಮಿಡಿಯುತ್ತಿತ್ತು, ಹಕ್ಕಿಮರಿಯ ಗಂಟಲಿನ ಹಾಗೆ.

"ಅವಳು ಬಂದ್ರೆ ಆ ಬಾಚಣಿಗೆ ಕೊಡು. ಕೇಳ್ತಿದ್ಲು," ಎಂದಳು. ಮೊದಲ ಕೂದಲು ಬಂತು, ಉದ್ದದ್ದು, ಮಗಳದು. ಆಗ ತಂಗಿಯ ಮುಖ ಕೆಂಡದ ಹಾಗಾಯಿತು. ಎರಡನೆಯದು ಗಿಡ್ಡ, ಅರ್ಧ ಬೆಳ್ಳಗಿನದು. ಅದೂ ಬಂದ ಮೇಲೆ ಅವಳ ಹಣೆ ಹಣಿಗೆಯ ಮೇಲೆ ಇಳಿಯಿತು, ಮತ್ತೆ ಏಳಲಿಲ್ಲ.

ಮಗಳ ಜ್ವರ ಆ ಗಳಿಗೆಯಲ್ಲೇ ಇಳಿಯಿತಂತೆ. ಸೊಸೆ ಎದ್ದು ಕೂತು ನೀರು ಕೇಳಿದಳು.

ಹೊರಗೆ ಬಂದದ್ದು ಎರಡೇ ಕೂದಲು. ಕೂಸಿನದು ಅಲ್ಲಿ ಇರಲೇ ಇಲ್ಲ. ಕೂಸು ಬರೀ ನೂಲಿನಲ್ಲಿತ್ತು. ಸೊಸೆ ಕೆಚ್ಚಿದ ಗಂಟಿನಲ್ಲಿ ಅವಳೂ ಆ ಕೂಸೂ ಹಾಗೇ ಉಳಿದುಕೊಂಡರು. ಬಿಡಿಸುವುದು ಹೇಗೆಂದು ಕೇಳೋಣವೆಂದರೆ ಬಣ್ಣದಜ್ಜಿ ಆ ಮಳೆಗಾಲ ದಾಟಲಿಲ್ಲ.

ಸೊಸೆಗೆ ಮಕ್ಕಳಾಗಲಿಲ್ಲ. ಅಲ್ಲಿ ಮಗು ಅತ್ತಾಗಲೆಲ್ಲ ಇಲ್ಲಿ ಅವಳ ಎದೆ ತುಂಬುತ್ತಿತ್ತು. ಅಲ್ಲಿ ಹಲ್ಲು ಮೂಡಿದಾಗ ಇಲ್ಲಿ ಒಸಡು ಊದಿತು. "ಬಿಡಿಸೋ ದಾರಿ ಬೇರೆ ಯಾರಿಗಾದ್ರೂ ಗೊತ್ತಿರಬೋದು ಕಣೇ, ಹುಡುಕೋಣ," ಎಂದರೆ, "ಬೇಡ ದೊಡ್ಡತ್ತೆ, ನನಗಿರೋದು ಅದೊಂದೇ," ಎನ್ನುತ್ತಿದ್ದಳು. ಹಾಸು ಮುಗಿಯುವ ಮೊದಲೇ ಹೊಸ ಹಾಸು ಸಿದ್ಧವಾಗಿರುತ್ತಿತ್ತು. ಆ ಒಂದು ಎಳೆಗೆ ಅವಳನ್ನು ಬಿಟ್ಟು ಬೇರೆ ಯಾರೂ ಕೆಚ್ಚಕೂಡದು. ಅವಳ ಬೆರಳಿಗೆ ಅದು ಕತ್ತಲಲ್ಲೂ ಸಿಗುತ್ತದೆ.

ಆ ಕೂಸು ಬೆಳೆದು, ಅದಕ್ಕೂ ಮದುವೆಯಾಗಿದೆ. ಬಸಿರಂತೆ.

ಇವತ್ತು ನೇಯುತ್ತಿದ್ದ ಸೊಸೆ ಲಾಳಿ ಕೆಳಗಿಟ್ಟು ಸೊಂಟ ಹಿಡಿದುಕೊಂಡಳು. ನರೆತ ಕೂದಲು ಹಣೆಗೆ ಅಂಟಿತ್ತು.

"ಶುರುವಾಯ್ತು ಅನ್ಸುತ್ತೆ," ಎಂದಳು. ನನ್ನನ್ನು ನೋಡಿ ನಕ್ಕಳು; ಅಷ್ಟು ಚಂದದ ನಗು ಅವಳ ಮುಖದಲ್ಲಿ ನಾನು ಕಂಡಿರಲಿಲ್ಲ. ಮರುಕ್ಷಣ ಕಂಬ ತಬ್ಬಿಕೊಂಡಳು. ತಂಗಿ ತಬ್ಬಿಕೊಂಡಿದ್ದ ಅದೇ ಕಂಬ.

ಮಗ್ಗದ ಮೇಲೆ ಇನ್ನು ಗೇಣುದ್ದದ ಹಾಸು ಉಳಿದಿದೆ. ಕಂಬ ಬಿಟ್ಟು ಬಂದು ಕೆಚ್ಚುವ ಸ್ಥಿತಿಯಲ್ಲಿ ಅವಳಿಲ್ಲ. ಆ ಎಳೆಗೆ ಕೆಚ್ಚಿದ ಕೈಗೂ ನೋವಿನಲ್ಲಿ ಪಾಲು ಉಂಟು.

ನಾನು ಬೂದಿಯ ಬಟ್ಟಲು ಹತ್ತಿರಕ್ಕೆ ಎಳೆದುಕೊಂಡು ಕೂತಿದ್ದೇನೆ.