ಪರದೆಯ ಮೇಲೆ ಸತ್ತವನು

ಬಿಬಿಜಾನ ಬೀಸುವ ಕಲ್ಲಿಗೆ ಇನ್ನೊಂದು ಹಿಡಿ ಜೋಳ ಸುರಿದಳು. ಅಂಗಳದಲ್ಲಿ ಅವಳ ಮಗ ಜೈನುದ್ದೀನನ ಹೆಣವನ್ನು ಮೀಯಿಸಿ, ಮೇಲೆ ಚಾದರ ಹೊದಿಸಿ, ಮುಖ ಮಾತ್ರ ತೆರೆದಿಟ್ಟಿದ್ದರು. ಮೋರಟಗಿಯ ಅರ್ಧ ಊರು ಅಲ್ಲಿ ನೆರೆದಿತ್ತು.

"ಅತ್ತಿ, ಮಣ್ಣಿಗೆ ಹೊತ್ತಾತ್ರಿ. ಒಮ್ಮೆ ಮಾರಿ ನೋಡ್ ಬರ್ರಿ," ಎಂದಳು ಸೊಸೆ ರೋಷನಬಿ.

"ನೋಡೇನಿ. ಹಿಂದಕೂ ಹಿಂಗ ಸತ್ತಿದ್ದ. ಆಮ್ಯಾಲ ಬಂದು ರೊಟ್ಟಿ ತಿಂದ."

ಕಲ್ಲು ತಿರುಗುತ್ತಲೇ ಇತ್ತು.

*

ಐವತ್ನಾಲ್ಕರ ಬೇಸಿಗೆಯಲ್ಲಿ ಸಿಂದಗಿಗೆ ಟೆಂಟ್ ಸಿನಿಮಾ ಬಂದಾಗ ಊರವರು ಗಾಡಿ ಕಟ್ಟಿಕೊಂಡು ಹೋಗಿದ್ದರು. ಕೊಲ್ಹಾಪುರದ ಸ್ಟುಡಿಯೋ ಸೇರಿದ್ದ ಜೈನುದ್ದೀನನಿಗೆ ಆ ಚಿತ್ರದಲ್ಲೊಂದು ಪಾತ್ರವಿತ್ತು. ಬಿಬಿಜಾನ ಎಲ್ಲರಿಗಿಂತ ಮುಂದೆ ನೆಲದ ಮೇಲೆ ಕುಳಿತಿದ್ದಳು. ಪರದೆಯ ಮೇಲೆ ಸಿಪಾಯಿಗಳು ಅವನನ್ನು ಎಳೆದು ತಂದು ಕೊರಳಿಗೆ ಹಗ್ಗ ಹಾಕಿದರು. ಅವಳು ಚೀರಿ ಎದ್ದು ಓಡಿದಳು. ಕೈಗೆ ಸಿಕ್ಕಿದ್ದು ಬರೀ ಬಟ್ಟೆ.

ಸುದ್ದಿ ತಿಳಿದು ಮಗ ಊರಿಗೆ ಬಂದ. "ಅವ್ವಾ, ಅದು ಸುಳ್ಳಬೇ. ನಾ ಇಲ್ಲೇ ಅದೇನಿ ನೋಡು." ಅವಳು ಅವನ ಕೊರಳು ತಡವಿ ನೋಡಿದಳು. ಆದರೂ ಅವನಿಗೆ ನಿದ್ದೆ ಹತ್ತಿದಾಗಲೆಲ್ಲ ಅಲುಗಾಡಿಸಿ ಎಬ್ಬಿಸುತ್ತಿದ್ದಳು.

ಅವನಿಗೆ ಸಿಗುತ್ತಿದ್ದುದೆಲ್ಲ ಸಾಯುವ ಪಾತ್ರಗಳೇ. ಮರಳಿ ಹೋದವನು ಮುಖಕ್ಕೆ ಬಣ್ಣ ಹಚ್ಚುವುದನ್ನು ಬಿಟ್ಟ. ಸೆಟ್ ಕಟ್ಟುತ್ತಿದ್ದ ಬಡಿಗ, ಚಡಚಣದ ಅಪ್ಪಾಸಾಬನ ಜೊತೆ ಸೇರಿ ಹಲಗೆಗಳಿಗೆ ಬಣ್ಣ ಬಳಿಯತೊಡಗಿದ. ಅರಮನೆಯ ಗೋಡೆ, ಕಿಟಕಿಯಾಚೆಯ ಆಕಾಶ, ಎಲ್ಲೂ ಇಲ್ಲದ ಊರುಗಳ ಬೀದಿ. ಸೆಟ್ ಒಡೆಯುವ ಮುನ್ನ ಅವನೊಬ್ಬನೇ ಅದರ ನಡುವೆ ನಿಂತು, ಯಾವುದೋ ಪಾತ್ರದ ಮಾತುಗಳನ್ನು ಮೆಲ್ಲಗೆ ಆಡುವುದನ್ನು ಅಪ್ಪಾಸಾಬ ಎಷ್ಟೋ ಸಲ ಕಂಡಿದ್ದ. ಕಂಡೂ ಕಾಣದವನಂತೆ ಹೊರಗೆ ಹೋಗಿಬಿಡುತ್ತಿದ್ದ.

ವರ್ಷಗಳು ಕಳೆದಂತೆ ಬಣ್ಣದ ಪುಡಿ ಎದೆಗಿಳಿಯಿತು. ಕೆಮ್ಮುತ್ತ ಊರಿಗೆ ಬಂದ ಜೈನುದ್ದೀನ ಆ ಚಳಿಗಾಲ ದಾಟಲಿಲ್ಲ.

*

ಗೆಳೆಯನ ಆರೈಕೆಗೆಂದು ಬಂದು ಉಳಿದಿದ್ದ ಅಪ್ಪಾಸಾಬ ಬೀಸುವ ಕಲ್ಲಿನ ಹತ್ತಿರ ಕುಳಿತ.

"ಯವ್ವಾ, ಅವತ್ತು ಸ್ಟುಡಿಯೋದಾಗ ಅವಗ ಹಗ್ಗ ಹಾಕುವಾಗ ನಾನೂ ಅಲ್ಲೇ ಇದ್ದೆ. ಅದು ಆಟ. ಇದು ಆಟ ಅಲ್ಲಬೇ."

ಕಲ್ಲು ನಿಂತಿತು. "ಅಲ್ಲಿ ಅವಗ ಏಳು ಅಂತ ಯಾರು ಹೇಳ್ತಿದ್ರು?"

"ಸಿನಿಮಾ ತೆಗಿಯೋ ಸಾಹೇಬ್ರು ಹೇಳ್ತಿದ್ರು. ಒಮ್ಮೊಮ್ಮೆ ನಾನೂ..."

"ಹಂಗಾರ ಈಗೂ ನೀನ ಹೇಳಪಾ. ನಿನ್ನ ಮಾತು ಕೇಳ್ತಾನ."

"ಹಂಗ ಕರೀಬಾರದವ್ವಾ," ಎಂದ ಮುಲ್ಲಾ ಇಬ್ರಾಹಿಂಸಾಬ, ಅವಳ ಮುಖ ನೋಡಿ ತುಟಿಯಲ್ಲೇ ಪ್ರಾರ್ಥನೆ ಹೇಳತೊಡಗಿದ.

ಅಪ್ಪಾಸಾಬ ಹೆಣದ ಪಕ್ಕ ಮೊಣಕಾಲೂರಿದ.

"ಜೈನೂ, ಮುಗೀತೋ ತಮ್ಮಾ. ಏಳು."

ಅಂಗಳದಲ್ಲಿ ಯಾರೂ ಅಲುಗಲಿಲ್ಲ. ಚಾದರ ಎದೆಯ ಮೇಲೆ ಸಣ್ಣಗೆ ಉಬ್ಬಿತು, ಇಳಿಯಿತು. ಮತ್ತೆ ಉಬ್ಬಿತು. ರೋಷನಬಿ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಳು. ಮುಲ್ಲಾನ ತುಟಿಗಳು ನಡುವೆಯೇ ನಿಂತವು. ಅಪ್ಪಾಸಾಬ ಕುಳಿತಲ್ಲೇ ಹಿಂದೆ ಸರಿದ.

ಬಿಬಿಜಾನ ಎದ್ದು, ಹಿಟ್ಟಿನ ಕೈ ಸೆರಗಿಗೆ ಒರೆಸಿಕೊಂಡು ಬಂದಳು. ಮಗನ ಮುಖವನ್ನು ಬಹಳ ಹೊತ್ತು ನೋಡಿದಳು.

"ಗಾಳಿ ಅದು," ಎಂದಳು.

ಬಾಗಿ, ಚಾದರದ ಅಂಚನ್ನು ಅವನ ಹೆಗಲ ಕೆಳಗೆ ಸಿಕ್ಕಿಸಿದಳು. ಆಮೇಲೆ ಆ ಬದಿಗೆ ಹೋಗಿ, ಅಲ್ಲಿಯೂ ಗಾಳಿ ಹೋಗದಂತೆ ಒತ್ತಿದಳು.